ಎರಡು ಸೂರ್ಯನ ಊರಿಗೆ ಯಾವ ಪಂಚಾಂಗ?

ಪ್ರಶ್ನೆ: ಸರ್, ನಾನು ಬಾಗಲಕೋಟೆಯಲ್ಲಿ ಬಿ.ಎಸ್‌ಸಿ. ಓದುತ್ತಿದ್ದೇನೆ. ಒಂದು ಕಲ್ಪನಾ ಲೋಕದ ಕಾದಂಬರಿ ಶುರು ಮಾಡಿದ್ದೇನೆ. ಅಲ್ಲಿ ಎರಡು ಸೂರ್ಯ. ದೊಡ್ಡದು ಹಳದಿ, ಸಣ್ಣದು ಕೆಂಪು, ಬೆಳಕೂ ಕಡಿಮೆ. ಅವೆರಡೂ ಒಂದನ್ನೊಂದು 40 ದಿನಕ್ಕೊಮ್ಮೆ ಸುತ್ತುತ್ತವೆ. ಜನ ಇರುವ ಗ್ರಹ ಎರಡನ್ನೂ ಸೇರಿಸಿ 400 ದಿನಕ್ಕೆ ಸುತ್ತುತ್ತದೆ. ಹಾಗಾಗಿ 40 ದಿನದ 10 ತಿಂಗಳು ಇಟ್ಟಿದ್ದೇನೆ. ಸರಿ ಇದೆಯಾ?

ಉತ್ತರ: ಲೆಕ್ಕ ಭಾಳ ಚೊಕ್ಕ ಇದೆ ತಮ್ಮಾ, ತೊಂದರೆ ಇರುವುದೇ ಅಲ್ಲಿ. ಗ್ರಹದ ಮೇಲೆ ನಿಂತವನಿಗೆ 10 ತಿಂಗಳು ಕಾಣುವುದಿಲ್ಲ, 9 ಕಾಣುತ್ತವೆ.

ಗೋಡೆ ಗಡಿಯಾರ ನೋಡಿ. 12 ತಾಸಿನಲ್ಲಿ ದೊಡ್ಡ ಮುಳ್ಳು 12 ಸುತ್ತು ಹಾಕುತ್ತದೆ, ಆದರೆ ಸಣ್ಣ ಮುಳ್ಳನ್ನು ದಾಟುವುದು 11 ಸಲ ಮಾತ್ರ, ಯಾಕೆಂದರೆ ಅಷ್ಟರಲ್ಲಿ ಸಣ್ಣದೂ ಒಂದು ಸುತ್ತು ಮುಂದೆ ಹೋಗಿರುತ್ತದೆ. ಇಲ್ಲೂ ಅದೇ. ಸೂರ್ಯರು 10 ಸುತ್ತು ಹಾಕುವಷ್ಟರಲ್ಲಿ ನಿಮ್ಮ ಗ್ರಹವೂ ಅದೇ ದಿಕ್ಕಿನಲ್ಲಿ ಒಂದು ಸುತ್ತು ಹಾಕಿರುತ್ತದೆ. ಎಲ್ಲವೂ ಒಂದೇ ಮಟ್ಟದಲ್ಲಿ ಸುತ್ತುತ್ತಿದ್ದರೆ, ಕೆಂಪು ಸೂರ್ಯ ಹಳದಿಯ ಮುಂದೆ ಬಂದು ಅಡ್ಡ ನಿಲ್ಲುವುದು ವರ್ಷಕ್ಕೆ 9 ಸಲ, ಅಂದರೆ 44 ದಿನ ಚಿಲ್ಲರೆಗೊಮ್ಮೆ. ನಮ್ಮ ಚಂದ್ರನೂ ಭೂಮಿಯನ್ನು 27.3 ದಿನಕ್ಕೇ ಸುತ್ತಿ ಬರುತ್ತಾನೆ, ಆದರೂ ಅಮಾವಾಸ್ಯೆಯಿಂದ ಅಮಾವಾಸ್ಯೆಗೆ 29.5 ದಿನ ಆಗುವುದಿಲ್ಲವೇ? (ಗ್ರಹ ಉಲ್ಟಾ ದಿಕ್ಕಿಗೆ ಸುತ್ತಿದರೆ 9ರ ಬದಲು 11 ಆಗುತ್ತದೆ. ಸುಮ್ನೆ ಹೇಳಿದೆ.)

ಇನ್ನೊಂದು ಸಂಗತಿ ನಿಮ್ಮ ಲೆಕ್ಕದಲ್ಲೇ ಅಡಗಿದೆ. ಈ ಅಳತೆಗೆ ಸೂರ್ಯರು ಆಕಾಶದಲ್ಲಿ ಎಷ್ಟು ದೂರ ಸರಿದರೂ ಸುಮಾರು 12 ಡಿಗ್ರಿ. ಕೈ ಚಾಚಿ ಮುಷ್ಟಿ ಹಿಡಿಯಿರಿ, ಅದಕ್ಕಿಂತ ತುಸು ಜಾಸ್ತಿ. ನಿಮ್ಮಲ್ಲೂ ದಿನಕ್ಕೆ 24 ತಾಸಾದರೆ, ಒಂದು ಮುಳುಗಿ ಹೆಚ್ಚೆಂದರೆ ಮುಕ್ಕಾಲು ತಾಸಿಗೆ ಇನ್ನೊಂದು ಮುಳುಗುತ್ತದೆ. ತಿಂಗಳ ಅರ್ಧ ಭಾಗ ಕೆಂಪು ಸೂರ್ಯ ಬೆಳಿಗ್ಗೆ ಮೊದಲೇ ಹುಟ್ಟಿರುತ್ತದೆ, ಉಳಿದರ್ಧ ಸಂಜೆ ಹಿಂದೆ ಉಳಿಯುತ್ತದೆ. ನಮ್ಮಲ್ಲಿ ಮುಂಗಾರಿ, ಹಿಂಗಾರಿ ಅನ್ನುತ್ತೇವಲ್ಲ, ಹಾಗೆ ಮುಂಬಿಸಿಲು, ಹಿಂಬಿಸಿಲು ಅಂತ ಎರಡು ಪಕ್ಷ ಮಾಡಿ. ಹಿಂಬಿಸಿಲಿನ 22 ದಿನ ಜನರಿಗೆ ಸಂಜೆ ಮುಕ್ಕಾಲು ತಾಸಿನವರೆಗೆ ಕೆಂಪು ಬೆಳಕು ಪುಕ್ಕಟೆ. ಹೊಲದಿಂದ ಎತ್ತು ತಡವಾಗಿ ಬರುತ್ತವೆ, ಕಟ್ಟೆ ಮೇಲಿನ ಹರಟೆ ಉದ್ದವಾಗುತ್ತದೆ. ಎರಡೂ ಸೂರ್ಯ ಅಗಲ ಸರಿದ ದಿನ ಕಂಬಕ್ಕೆ ಎರಡು ನೆರಳು, ಒಂದರ ಹಿಂದೆ ಒಂದು ಬಂದ ದಿನ ಒಂದೇ. ಆ ದಿನವನ್ನು ನಾನಾದರೆ ‘ಒಂಟಿ ನೆರಳು’ ಅಂತ ಕರೆಯುತ್ತಿದ್ದೆ. ಹೆಸರು ಹೀಗೇ ಇರಬೇಕು. ನಮ್ಮ ಕಡೆ ಯಾರು ಜ್ಯೇಷ್ಠ ಶುದ್ಧ ಪೌರ್ಣಿಮೆ ಅನ್ನುತ್ತಾರೆ? ಕಾರಹುಣ್ಣಿಮೆ ಅಂದರೆ ಸಾಕು, ಬಣ್ಣ ಹಚ್ಚಿದ ಕೋಡು, ಕರಿ ಹರಿಯಲು ಓಡುವ ಎತ್ತು, ಎಲ್ಲ ಕಣ್ಮುಂದೆ ಬರುತ್ತದೆ. ಬನದ ಹುಣ್ಣಿಮೆ ಅಂದರೆ ಬನಶಂಕರಿ ಜಾತ್ರೆ.

ಈಗ ಚಿಲ್ಲರೆಗೆ ಬರೋಣ. 44 ದಿನದ 9 ತಿಂಗಳು ಇಟ್ಟರೆ 396. ನಾಲ್ಕು ದಿನ ಉಳಿಯಿತು. ಐದು ತಿಂಗಳಿಗೆ 44, ನಾಲ್ಕಕ್ಕೆ 45 ಕೊಟ್ಟರೆ ಸರಿಯಾಗಿ 400 ಆಗುತ್ತದೆ, ಆದರೆ ಅದು ಆಫೀಸಿನವರ ಕೆಲಸ, ಕಥೆಗೆ ಏನೂ ಸಿಗುವುದಿಲ್ಲ. ಆ ನಾಲ್ಕು ದಿನ ಯಾವ ತಿಂಗಳಿಗೂ ಸೇರದೆ ವರ್ಷದ ಕೊನೆಗೆ ಹಾಗೇ ಇರಲಿ. ಆಗ ಒಂಬತ್ತನೇ ತಿಂಗಳ ಹೊತ್ತಿಗೆ ಒಂಟಿ ನೆರಳು ಪಂಚಾಂಗ ಹೇಳಿದ್ದಕ್ಕಿಂತ ಮೂರೂವರೆ ದಿನ ತಡವಾಗುತ್ತದೆ. ಪಂಚಾಂಗ ನೋಡಿ ಬಾಗಿಲಲ್ಲಿ ಕುಳಿತ ಮುದುಕ ಪೂಜಾರಿಯನ್ನು ಬೈಯಲಿ ಬಿಡಿ.

ನಮ್ಮಲ್ಲೂ ಆಗಿದ್ದು ಇದೇ. 12 ಚಾಂದ್ರ ತಿಂಗಳಿಗೆ 354 ದಿನ, ಸೂರ್ಯನ ವರ್ಷಕ್ಕೆ 11 ದಿನ ಕಮ್ಮಿ. ಅದನ್ನು ತುಂಬಲು ಸುಮಾರು 32–33 ತಿಂಗಳಿಗೊಮ್ಮೆ ಅಧಿಕ ಮಾಸ. 2023ರಲ್ಲಿ ಶ್ರಾವಣ ಎರಡು, 2026ರಲ್ಲಿ ಜ್ಯೇಷ್ಠ ಎರಡು. ಬರೀ ಲೆಕ್ಕದ ತೇಪೆ ಅದು, ಆದರೆ ಬೆಳಗಾವಿ ಕಡೆ ಎಷ್ಟೋ ಮನೆಯಲ್ಲಿ ಅಳಿಯನಿಗೆ 33 ಅನಾರಸ ಕೊಡುವ ಪದ್ಧತಿ ಅದರಿಂದಲೇ ಬಂತು, ಅತ್ತೆ ಗಸಗಸೆ ಹಚ್ಚುತ್ತಾ ಎಣಿಸುತ್ತಾ ಕೂರಬೇಕು. ಮೊಹರಂನ ಹಿಜ್ರಿ ಲೆಕ್ಕದಲ್ಲಿ ಈ ತೇಪೆ ಇಲ್ಲ, ಹಾಗಾಗಿ ಹಬ್ಬ ವರ್ಷಕ್ಕೆ 11 ದಿನ ಹಿಂದೆ ಸರಿಯುತ್ತಾ 33 ವರ್ಷಕ್ಕೆ ಎಲ್ಲ ಕಾಲವನ್ನೂ ಸುತ್ತಿ ಬರುತ್ತದೆ. ನಿಮ್ಮ ಉಳಿದ ನಾಲ್ಕು ದಿನ ಜನ ಏನು ತಿನ್ನುತ್ತಾರೆ, ಆ ದಿನ ಹುಟ್ಟಿದ ಮಗುವಿಗೆ ಯಾವ ತಿಂಗಳು ಹೇಳುತ್ತಾರೆ? ಅದನ್ನು ಮೊದಲು ಬರೆಯಿರಿ.

ಪ್ರಶ್ನೆ: ವಿಜಯಪುರದ ಬಿಸಿಲಿಗೆ ಒಂದೇ ಸೂರ್ಯ ಸಾಕಾಗಿದೆ. ಎರಡಿದ್ದರೆ ರಾತ್ರಿಯೇ ಇರುವುದಿಲ್ಲ ಅಲ್ವಾ? ಇಂಥದ್ದು ನಿಜವಾಗಿ ಇದೆಯಾ?

ಉತ್ತರ: ಇದೆ. ಕೆಪ್ಲರ್-16ಬಿ ಅನ್ನುವ ಗ್ರಹದ ಸುದ್ದಿ 2011ರಲ್ಲಿ ಬಂತು. ಸೂರ್ಯರು 41 ದಿನಕ್ಕೆ ಪರಸ್ಪರ ಸುತ್ತುತ್ತವೆ, ಗ್ರಹದ ವರ್ಷ 229 ದಿನ. ಶನಿಯಷ್ಟು ದೊಡ್ಡದು, ನಿಲ್ಲಲು ನೆಲ ಸಿಗಲಿಕ್ಕಿಲ್ಲ. ಸೂರ್ಯರು ಹೀಗೆ ಜೋಡಿಯಾಗಿದ್ದರೆ ರಾತ್ರಿ ಇದ್ದೇ ಇರುತ್ತದೆ. ಎರಡನೆಯದು ಬಹು ದೂರ ಇದ್ದು, ಗ್ರಹ ಒಂದನ್ನೇ ಸುತ್ತಿದರೆ ಮಾತ್ರ ವರ್ಷದ ಕೆಲವು ತಿಂಗಳು ಕತ್ತಲೆ ಸರಿಯಾಗಿ ಆಗುವುದಿಲ್ಲ. ಆಲ್ಫಾ ಸೆಂಟಾರಿಯ ಎರಡು ದೊಡ್ಡ ನಕ್ಷತ್ರಗಳು ಒಂದನ್ನೊಂದು ಸುತ್ತಲು ಸುಮಾರು 80 ವರ್ಷ ಬೇಕು. ಅಂಥ ಕಡೆ ಅಜ್ಜ ಕಂಡ ಆಕಾಶವನ್ನು ಮೊಮ್ಮಗ ಮುದುಕನಾದ ಮೇಲೇ ಕಾಣುವುದು. ಬಿಸಿಲಿನ ಬಗ್ಗೆ ಚಿಂತೆ ಬೇಡ, ಗ್ರಹವನ್ನು ಇನ್ನಷ್ಟು ದೂರ ಇಡಿ.

ಪ್ರಶ್ನೆ: ನನ್ನ ಕಥೆಯಲ್ಲಿ ಒಂದು ಕುಲ ದೊಡ್ಡ ಸೂರ್ಯನ ವರ್ಷ ಎಣಿಸುತ್ತದೆ, ಇನ್ನೊಂದು ಗ್ರಹಣ ಎಣಿಸುತ್ತದೆ. ಒಂದೇ ರಾಜ್ಯದಲ್ಲಿ ಎರಡು ಲೆಕ್ಕ ನಡೆಯುತ್ತಾ? – ಗೋಕಾಕದ ಓದುಗಿ

ಉತ್ತರ: ಆರಾಮಾಗಿ ನಡೆಯುತ್ತದೆ ಅಕ್ಕಾವ್ರೇ. ನಮ್ಮ ರೈತರೇ ಹಬ್ಬಕ್ಕೆ ಚಂದ್ರನನ್ನು ನೋಡುತ್ತಾರೆ, ಹಿಂಗಾರಿ ಜೋಳ ಬಿತ್ತಲು ಸೂರ್ಯ ಹಸ್ತಾ ನಕ್ಷತ್ರಕ್ಕೆ ಬಂದನಾ ಅಂತ ಕೇಳುತ್ತಾರೆ. ಐಹೊಳೆಗೆ ಹೋದರೆ ಮೇಗುತಿ ಗುಡಿ ಹತ್ತಿ ಬನ್ನಿ. ಇಮ್ಮಡಿ ಪುಲಕೇಶಿಯನ್ನು ಹೊಗಳಿ ರವಿಕೀರ್ತಿ ಬರೆದ ಶಾಸನದಲ್ಲಿ ವರ್ಷ ಎರಡು ರೀತಿ ಇದೆ: ಭಾರತ ಯುದ್ಧದಿಂದ 3735, ಶಕ ಲೆಕ್ಕದಲ್ಲಿ 556. ಎರಡೂ ಬಂದು ಕೂಡುವುದು ಕ್ರಿ.ಶ. 634ಕ್ಕೇ. ನಿಮ್ಮ ಕಥೆಯಲ್ಲಿ ಹೀಗೇ ಒಂದು ಸಾಲಪತ್ರ ಬರಲಿ, ಎರಡೂ ಕುಲದ ತಾರೀಖು ಇರಲಿ, ಆದರೆ ಎರಡಕ್ಕೂ ನಾಲ್ಕು ದಿನ ತಾಳೆಯಾಗದಿರಲಿ.