ಓದುಗರ ಪ್ರಶ್ನೆ, ನಮ್ಮ ಉತ್ತರ: ಸೆನ್ಸರ್ ಬದಲಿಸುವ ಮೊದಲು

ಪ್ರಶ್ನೆ: ನನ್ನ ಪೆಟ್ರೋಲ್ ಕಾರು 70 ಸಾವಿರ ಕಿ.ಮೀ. ಓಡಿದೆ. ಚೆಕ್ ಎಂಜಿನ್ ದೀಪ ಹತ್ತಿತು, ಸ್ಕ್ಯಾನರ್ ಹಾಕಿದಾಗ ಪಿ0171 ಬಂತು. ಗ್ಯಾರೇಜಿನಲ್ಲಿ ಆಕ್ಸಿಜನ್ ಸೆನ್ಸರ್ ಬದಲಿಸಿದರು. ಹತ್ತೇ ದಿನಕ್ಕೆ ದೀಪ ಮತ್ತೆ ಹತ್ತಿದೆ. ಹಾಕಿದ್ದು ಡೂಪ್ಲಿಕೇಟ್ ಇರಬಹುದೇ?
– ಓದುಗರೊಬ್ಬರು, ಮಂಡ್ಯ

ಉತ್ತರ: ಇರಬಹುದು, ಆದರೆ ಹಳೆಯ ಸೆನ್ಸರೇ ಚೆನ್ನಾಗಿತ್ತು ಅನ್ನುವ ಸಾಧ್ಯತೆ ಅದಕ್ಕಿಂತ ಹೆಚ್ಚು. ಪಿ0171 ಅಂದರೆ ಮಿಶ್ರಣ ಲೀನ್ ಆಗಿದೆ, ಅಂದರೆ ಗಾಳಿ ಜಾಸ್ತಿ, ಪೆಟ್ರೋಲ್ ಕಮ್ಮಿ. ಸೆನ್ಸರ್ ಕೆಟ್ಟಿದೆ ಎಂಬ ಮಾತು ಆ ಕೋಡಿನಲ್ಲಿ ಇಲ್ಲವೇ ಇಲ್ಲ. ಸೆನ್ಸರ್ ಕಂಡದ್ದನ್ನು ಹೇಳಿದೆ, ಹೇಳಿದ್ದಕ್ಕೆ ಅದನ್ನೇ ಕಿತ್ತು ಎಸೆದಿದ್ದಾರೆ.

ಅದು ಕಾಣುವುದು ಹೇಗೆ? ಹೊಗೆ ಹೋಗುವ ಎಕ್ಸಾಸ್ಟ್ ಪೈಪಿಗೆ ಸಿಕ್ಕಿಸಿರುವ ಈ ಸೆನ್ಸರಿನ ತುದಿಯಲ್ಲಿ ಬೆರಳುಟೋಪಿಯ ಆಕಾರದ ಜಿರ್ಕೋನಿಯಾ ಪಿಂಗಾಣಿ ಇದೆ, ಒಳಗೂ ಹೊರಗೂ ಪ್ಲಾಟಿನಂ ಲೇಪ. ಹೊರಮೈಗೆ ಹೊಗೆ ತಾಗುತ್ತದೆ, ಒಳಮೈಗೆ ಹೊರಗಿನ ಶುದ್ಧ ಗಾಳಿ. ಸುಮಾರು 300 ಡಿಗ್ರಿ ದಾಟಿ ಕಾದ ಮೇಲೆ, ಎರಡೂ ಕಡೆಯ ಆಮ್ಲಜನಕದ ವ್ಯತ್ಯಾಸಕ್ಕೆ ತಕ್ಕಂತೆ ಅದು ತಾನೇ ವೋಲ್ಟೇಜ್ ಹುಟ್ಟಿಸುತ್ತದೆ. ಪೆಟ್ರೋಲ್ ಜಾಸ್ತಿಯಾದರೆ, ಅಂದರೆ ಮಿಶ್ರಣ ರಿಚ್ ಆದರೆ, 0.8ರಿಂದ 0.9 ವೋಲ್ಟ್, ಲೀನ್ ಆದರೆ 0.1ರ ಆಸುಪಾಸು. ನಡುವಿನ ಗೆರೆ 0.45. ಎಂಜಿನ್ ಕಂಪ್ಯೂಟರ್ ಇದನ್ನು ನೋಡಿಕೊಂಡು ಪೆಟ್ರೋಲ್ ಏರಿಸುತ್ತ ಇಳಿಸುತ್ತ ಇರುತ್ತದೆ. ಎಷ್ಟು ಏರಿಸಿದೆ ಎಂಬ ಲೆಕ್ಕ ಸ್ಕ್ಯಾನರಿನಲ್ಲಿ 'ಫ್ಯೂಯಲ್ ಟ್ರಿಮ್' ಎಂದು ಶೇಕಡಾವಾರು ಕಾಣುತ್ತದೆ. ಸೊನ್ನೆಯ ಆಚೀಚೆ 10ರೊಳಗಿದ್ದರೆ ಚಿಂತೆಯಿಲ್ಲ. 20ರ ಮೇಲೆ ಹೋಗಿ ಅಲ್ಲೇ ನಿಂತರೆ ದೀಪ ಹತ್ತುವ ಕಾಲ ಬಂತು ಎಂದೇ ಅರ್ಥ.

ನೀವು ಮಾಡಿಸಬೇಕಾದ್ದು ಇಷ್ಟು. ಎಂಜಿನ್ ಪೂರ್ತಿ ಬಿಸಿಯಾದ ಮೇಲೆ ಲಾಂಗ್ ಟರ್ಮ್ ಟ್ರಿಮ್ (ಕಂಪ್ಯೂಟರ್ ಬಹುದಿನದಿಂದ ಕಲಿತಿಟ್ಟುಕೊಂಡ ಟ್ರಿಮ್) ಅನ್ನು ಐಡಲ್‌ನಲ್ಲಿ ಒಮ್ಮೆ, 2500 ಆರ್‌ಪಿಎಂನಲ್ಲಿ ಒಮ್ಮೆ ಬರೆದುಕೊಳ್ಳಿ. ಐಡಲ್‌ನಲ್ಲಿ +20 ಇದ್ದದ್ದು ರೇಸ್ ಮಾಡಿದಾಗ +5ಕ್ಕೆ ಇಳಿದರೆ ಎಲ್ಲೋ ಕಳ್ಳಗಾಳಿ ಒಳಗೆ ಹೋಗುತ್ತಿದೆ. ಬಿರಿದ ವ್ಯಾಕ್ಯೂಮ್ ಪೈಪು, ಇನ್‌ಟೇಕ್ ಮ್ಯಾನಿಫೋಲ್ಡ್ ಗ್ಯಾಸ್ಕೆಟ್, ಬ್ರೇಕ್ ಬೂಸ್ಟರ್ ಪೈಪು ನೋಡಿ. ಐಡಲ್‌ನಲ್ಲಿ ಸರಿಯಿದ್ದು ಲೋಡ್ ಬಿದ್ದಾಗ ಟ್ರಿಮ್ ಏರಿದರೆ ಪೆಟ್ರೋಲ್ ಸಾಲುತ್ತಿಲ್ಲ: ಫಿಲ್ಟರ್ ಕಟ್ಟಿರಬೇಕು, ಪಂಪ್ ಸೋತಿರಬೇಕು, ಇಲ್ಲವೇ ಗಾಳಿಯ ತೂಕ ಅಳೆಯುವ ಮಾಸ್ ಏರ್ ಫ್ಲೋ ಸೆನ್ಸರ್ ಇರುವ ಕಾರಾದರೆ ಅದರ ತಂತಿಗೆ ಧೂಳು ಮೆತ್ತಿರಬೇಕು. ಚಾಮುಂಡಿ ಬೆಟ್ಟದ ಏರು ಈ ಪರೀಕ್ಷೆಗೆ ಹೇಳಿ ಮಾಡಿಸಿದ ಜಾಗ. ಒಬ್ಬರು ಓಡಿಸಲಿ, ಪಕ್ಕದಲ್ಲಿ ಕೂತವರು ಸ್ಕ್ಯಾನರ್ ನೋಡಲಿ.

ಇನ್ನೊಂದು ಕಳ್ಳ, ಸೆನ್ಸರಿಗಿಂತ ಮೊದಲು, ಎಂಜಿನ್ ಕಡೆಗೆ ಇರುವ ಎಕ್ಸಾಸ್ಟ್ ಗ್ಯಾಸ್ಕೆಟ್. ಅಲ್ಲಿ ಸೀಳಿದ್ದರೆ ಹೊಗೆಯ ಒಂದು ಬಡಿತಕ್ಕೂ ಇನ್ನೊಂದಕ್ಕೂ ನಡುವೆ ಹೊರಗಿನ ಗಾಳಿ ಒಳಗೆ ಸೆಳೆದುಕೊಂಡು, ಮಿಶ್ರಣ ಸರಿಯಿದ್ದರೂ ಸೆನ್ಸರಿಗೆ ಲೀನ್ ಎಂದೇ ಕಾಣುತ್ತದೆ. ಬೆಳಿಗ್ಗೆ ತಣ್ಣಗಿರುವಾಗ ಸ್ಟಾರ್ಟ್ ಮಾಡಿ, 'ಟಿಕ್ ಟಿಕ್' ಸದ್ದು ಕೇಳುತ್ತದೆಯೇ, ಜೋಡಣೆಯಲ್ಲಿ ಕಪ್ಪು ಮಸಿಯ ಗೆರೆ ಇದೆಯೇ ನೋಡಿ.

ಕಬ್ಬಿನ ಸೀಮೆಯವರಾದ್ದರಿಂದ ಇದನ್ನೂ ಹೇಳಬೇಕು. ಕಬ್ಬಿನಿಂದಲೂ ತಯಾರಾಗುವ ಎಥೆನಾಲ್ ಶೇ. 20 ಬೆರೆಸಿದ ಪೆಟ್ರೋಲಿನಲ್ಲಿ ಆಮ್ಲಜನಕ ಮೊದಲೇ ಇರುತ್ತದೆ. ಶುದ್ಧ ಪೆಟ್ರೋಲ್ 1 ಕಿಲೋಗೆ 14.7 ಕಿಲೋ ಗಾಳಿ ಬೇಕಾದರೆ ಇದಕ್ಕೆ ಸುಮಾರು 13.5 ಸಾಕು. ಹಾಗಾಗಿ ಹಳೆಯ ಕಾರಿನ ಟ್ರಿಮ್ ಒಂದಿಷ್ಟು ಮೇಲೇ ಇರುತ್ತದೆ, ಅದರ ಮೇಲೆ ಸಣ್ಣ ಸೀಳು ಸೇರಿದರೂ ದೀಪ ಹತ್ತುತ್ತದೆ.

ಪ್ರಶ್ನೆ: ಐಟಿಐ ವಿದ್ಯಾರ್ಥಿ ನಾನು. ಬರೀ ಮಲ್ಟಿಮೀಟರಿನಲ್ಲಿ ಆಕ್ಸಿಜನ್ ಸೆನ್ಸರ್ ಪರೀಕ್ಷೆ ಮಾಡಬಹುದೇ?
– ಶ್ರೀರಂಗಪಟ್ಟಣ

ಉತ್ತರ: ಖಂಡಿತ ಮಾಡಬಹುದು. ನಾಲ್ಕು ವೈರಿನ ಮಾಮೂಲಿ ಸೆನ್ಸರ್ ತೆಗೆದುಕೊಳ್ಳಿ. ಒಂದೇ ಬಣ್ಣದ ಎರಡು ವೈರು, ಹೆಚ್ಚಾಗಿ ಬಿಳಿ, ಒಳಗಿನ ಹೀಟರಿನವು. ಬಹಳಷ್ಟು ಸೆನ್ಸರುಗಳಲ್ಲಿ ಕಪ್ಪು ಸಿಗ್ನಲ್, ಬೂದು ಅದರ ಅರ್ತ್. ಕಂಪನಿಯಿಂದ ಕಂಪನಿಗೆ ಬಣ್ಣ ಬೇರೆಯಾಗುವುದುಂಟು, ವೈರಿಂಗ್ ನಕ್ಷೆ ನೋಡಿಯೇ ಕೈಹಾಕಿ.

ಮೊದಲು ಹೀಟರ್. ಎಂಜಿನ್ ತಣ್ಣಗಿರಲಿ, ಕೀ ಆಫ್ ಇರಲಿ. ಕಪ್ಲರ್ ಬಿಚ್ಚಿ ಸೆನ್ಸರ್ ಕಡೆಯ ಎರಡು ಬಿಳಿ ವೈರಿನ ನಡುವೆ ಓಮ್ ಅಳೆಯಿರಿ. ಸಾಮಾನ್ಯವಾಗಿ 3ರಿಂದ 15 ಓಮ್ ಒಳಗೆ ಬರುತ್ತದೆ. ಮೀಟರ್ ಓಪನ್ ತೋರಿಸಿದರೆ ಹೀಟರ್ ತಂತಿ ತುಂಡಾಗಿದೆ, ಪಿ0135 ಕೋಡ್ ಬರುವುದು ಇಂಥದ್ದಕ್ಕೆ. ಹೀಟರ್ ಸರಿಯಿದ್ದರೆ ವೈರಿಂಗ್ ಕಡೆ 12 ವೋಲ್ಟ್ ಬರುತ್ತಿದೆಯೇ, ಫ್ಯೂಸ್ ಹೋಗಿದೆಯೇ ನೋಡಿ. ಕೆಲವು ಕಾರುಗಳಲ್ಲಿ ಎಂಜಿನ್ ಓಡುವಾಗ ಮಾತ್ರ ಈ ಸಪ್ಲೈ ಬರುತ್ತದೆ.

ಆಮೇಲೆ ಸಿಗ್ನಲ್. ಕಪ್ಲರ್ ಮತ್ತೆ ಹಾಕಿ, ಹಿಂಬದಿಯಿಂದ ತೆಳ್ಳನೆಯ ಪಿನ್ ತೂರಿಸಿ ಅಳೆಯಿರಿ. ವೈರಿನ ಸಿಪ್ಪೆ ಚುಚ್ಚಬೇಡಿ, ನೀರು ಇಳಿಯುತ್ತದೆ. ಎಷ್ಟೋ ಸೆನ್ಸರುಗಳಿಗೆ ಒಳಮೈಯ ಶುದ್ಧ ಗಾಳಿ ಬರುವುದೇ ವೈರಿನ ಎಳೆಗಳ ಸಂದಿಯಿಂದ. ಅದಕ್ಕೇ ತುಂಡಾದ ವೈರನ್ನು ಬೆಸುಗೆ ಹಾಕದೆ ಕ್ರಿಂಪ್ ಮಾಡುವುದು, ಕಪ್ಲರಿಗೆ ಕಾಂಟ್ಯಾಕ್ಟ್ ಸ್ಪ್ರೇ ಹೊಡೆಯದಿರುವುದು. ಮೀಟರ್ 10 ಮೆಗಾಓಮ್ ಒಳತಡೆಯ ಡಿಜಿಟಲ್ ಆಗಿರಲಿ, ಡಿಸಿ 2 ವೋಲ್ಟ್ ರೇಂಜಿನಲ್ಲಿಡಿ. ಟೆಸ್ಟ್ ಲ್ಯಾಂಪ್ ಮುಟ್ಟಿಸಲೇಬೇಡಿ, ಸಿಗ್ನಲ್ ವೈರಿನಲ್ಲಿ ಓಮ್ ಅಳೆಯಲೂಬೇಡಿ.

ಫ್ಯಾನ್ ತಿರುಗುವಷ್ಟು ಬಿಸಿಯಾದ ಮೇಲೆ 2500 ಆರ್‌ಪಿಎಂನಲ್ಲಿ ಎರಡು ನಿಮಿಷ ಹಿಡಿಯಿರಿ. ಅಂಕಿ 0.1ರಿಂದ 0.9ರ ನಡುವೆ ಓಲಾಡುತ್ತಿರಬೇಕು, 10 ಸೆಕೆಂಡಿನಲ್ಲಿ 0.45ರ ಗೆರೆಯನ್ನು ಎಂಟು ಸಲವಾದರೂ ದಾಟಬೇಕು. ಒಂದೇ ಕಡೆ ನಿಂತಿದ್ದರೆ ಅವಸರದಲ್ಲಿ ತೀರ್ಪು ಕೊಡಬೇಡಿ. ಆಕ್ಸಿಲರೇಟರ್ ಗಕ್ಕನೆ ಒತ್ತಿ, 0.8 ದಾಟಬೇಕು, ಬಿಟ್ಟ ಕೂಡಲೇ ಪೆಟ್ರೋಲ್ ಕಟ್ ಆಗಿ ಸೊನ್ನೆಯ ಹತ್ತಿರ ಬೀಳಬೇಕು. ಐಡಲ್‌ನಲ್ಲಿ ಒಂದು ವ್ಯಾಕ್ಯೂಮ್ ಪೈಪು ಕಿತ್ತರೂ 0.1ಕ್ಕೆ ಇಳಿಯಬೇಕು. ಎರಡಕ್ಕೂ ಚುರುಕಾಗಿ ಓಗೊಟ್ಟರೆ ಸೆನ್ಸರಿನ ತಪ್ಪಿಲ್ಲ, ದೋಷವನ್ನು ಬೇರೆ ಕಡೆ ಹುಡುಕಿ.

ಹೊಗೆಯ ವಿಷ ಕಡಿಮೆ ಮಾಡುವ ಕ್ಯಾಟಲಿಟಿಕ್ ಕನ್ವರ್ಟರಿನ ಹಿಂದಿನ (ಹೊಗೆ ಅದನ್ನು ದಾಟಿದ ಮೇಲೆ ಸಿಗುವ) ಸೆನ್ಸರ್ ಮಾತ್ರ ಹೀಗೆ ಓಲಾಡಬಾರದು. ಅದು 0.6–0.7ರಲ್ಲಿ ಸ್ಥಿರವಾಗಿರಬೇಕು. ಮುಂದಿನದರಂತೆ ಕುಣಿದರೆ ಕನ್ವರ್ಟರ್ ಸೋತಿದೆ, ಪಿ0420 ಅದೇ. ಐದಾರು ವೈರಿನ ವೈಡ್‌ಬ್ಯಾಂಡ್ ಸೆನ್ಸರಿಗೆ ಈ ಅಂಕಿ ಯಾವುದೂ ಹೊಂದುವುದಿಲ್ಲ, ಅದನ್ನು ಸ್ಕ್ಯಾನರಿನಲ್ಲೇ ನೋಡಬೇಕು.

ಬಿಚ್ಚಲು ವೈರು ತೂರುವಂತೆ ಸೀಳಿರುವ 22 ಎಂಎಂ ಸಾಕೆಟ್ ಬೇಕು. ಎಂಜಿನ್ ಉಗುರುಬೆಚ್ಚಗಿರುವಾಗ ಸಲೀಸಾಗಿ ಬರುತ್ತದೆ. ತುದಿಯಲ್ಲಿ ಬಿಳಿ ಪುಡಿ ಕೂತಿದ್ದರೆ ಯಾರೋ ಸೆನ್ಸರಿಗೆ ಹಿಡಿಸದ ಸಿಲಿಕಾನ್ ಗಮ್ ಬಳಸಿರಬಹುದು. ಆ ಪುಡಿ ಕೂರಲು ಕಾರಣವಾದದ್ದನ್ನು ಸರಿಪಡಿಸದೆ ಹೊಸದು ಹಾಕಿದರೆ ಅದಕ್ಕೂ ಅದೇ ಗತಿ.

ಪ್ರಶ್ನೆ: ಗದ್ದೆ ಪಕ್ಕದ ಶೆಡ್ಡಿನಲ್ಲಿ ಕಾರು ನಿಲ್ಲಿಸುತ್ತೇವೆ. ಬೆಳಿಗ್ಗೆ ಸ್ಟಾರ್ಟ್ ಆಗಲು ಸತಾಯಿಸುತ್ತದೆ, ಕಪ್ಪು ಹೊಗೆ, ಫ್ಯಾನ್ ನಿಲ್ಲುವುದೇ ಇಲ್ಲ. ಸ್ಕ್ಯಾನರಿನಲ್ಲಿ ಎಂಜಿನ್ ತಾಪಮಾನ ಮೈನಸ್ 40 ಎಂದಿದೆ!
– ಮದ್ದೂರು

ಉತ್ತರ: ಮೈನಸ್ 40 ಅಂದರೆ ಎಂಜಿನ್ ತಂಪಾಗಿಡುವ ದ್ರವದ ತಾಪ ಅಳೆಯುವ ಕೂಲೆಂಟ್ ಸೆನ್ಸರಿನ ವೈರಿನ ದಾರಿ ಎಲ್ಲೋ ತುಂಡಾಗಿದೆ. ಇದು ಬಿಸಿಯೇರಿದಂತೆ ಓಮ್ ಇಳಿಯುವ ಜಾತಿಯದು: 20–25 ಡಿಗ್ರಿಯಲ್ಲಿ ಸುಮಾರು 2ರಿಂದ 3 ಸಾವಿರ ಓಮ್, 80 ಡಿಗ್ರಿಯಲ್ಲಿ 300ರ ಆಸುಪಾಸು. ಕಪ್ಲರ್ ಬಿಚ್ಚಿ, ವೈರಿಂಗ್ ಕಡೆಯ ಎರಡು ಪಿನ್‌ಗಳನ್ನು ಸಣ್ಣ ತಂತಿಯಿಂದ ಕೂಡಿಸಿ. ಸ್ಕ್ಯಾನರಿನಲ್ಲಿ ತಾಪಮಾನ 120 ದಾಟಿ ಮೇಲಕ್ಕೆ ಹಾರಿದರೆ ವೈರಿಂಗ್ ಸರಿಯಿದೆ, ಸೆನ್ಸರ್ ಬದಲಿಸಿ. ಅಲ್ಲಾಡದೆ ಮೈನಸ್ 40ರಲ್ಲೇ ಕೂತರೆ ವೈರು ತುಂಡು. ಗದ್ದೆ ಪಕ್ಕ ಅಂದಿರಿ, ಭತ್ತ ಕೊಯ್ದ ಮೇಲೆ ಇಲಿಗಳು ಬಾನೆಟ್ಟಿನೊಳಗೆ ಬಿಡಾರ ಹೂಡುತ್ತವೆ. ಮೊದಲು ಆ ವೈರಿನುದ್ದಕ್ಕೂ ಕೈಯಾಡಿಸಿ.

ಪ್ರಶ್ನೆ: ಕೀ ಆನ್ ಮಾಡಿ ಎಂಜಿನ್ ಸ್ಟಾರ್ಟ್ ಮಾಡದೆ ನೋಡಿದರೆ ಇನ್‌ಟೇಕ್ ಮ್ಯಾನಿಫೋಲ್ಡಿನ ಗಾಳಿಯ ಒತ್ತಡ ಅಳೆಯುವ ಮ್ಯಾಪ್ ಸೆನ್ಸರ್ 92 ಕಿಲೋಪ್ಯಾಸ್ಕಲ್ ತೋರಿಸುತ್ತದೆ. ಪುಸ್ತಕದಲ್ಲಿ 101 ಎಂದಿದೆ. ಕೆಟ್ಟಿದೆಯೇ?
– ಮೈಸೂರು

ಉತ್ತರ: ಇಲ್ಲ. 101 ಸಮುದ್ರಮಟ್ಟದ ಲೆಕ್ಕ. ಮೈಸೂರು ಅದಕ್ಕಿಂತ ಸುಮಾರು 760 ಮೀಟರ್ ಎತ್ತರದಲ್ಲಿದೆ, ಇಲ್ಲಿನ ಗಾಳಿಯ ಒತ್ತಡವೇ 92–93. ಸ್ಟಾರ್ಟ್ ಆಗಿ ಐಡಲ್‌ಗೆ ಬಂದಾಗ 30–40ಕ್ಕೆ ಇಳಿದರೆ ಸೆನ್ಸರೂ ಸರಿ, ಅದರ ಪೈಪೂ ಸರಿ.

ಪ್ರಶ್ನೆ: ಬಿಎಸ್6 ಬೈಕಿನ ಆಕ್ಸಿಜನ್ ಸೆನ್ಸರ್ ಕಪ್ಲರ್ ಕಿತ್ತರೆ ಪಿಕಪ್ ಬರುತ್ತದೆ ಅನ್ನುತ್ತಾರೆ. ಕಿತ್ತೂ ಇದ್ದೇನೆ, ದೀಪ ಹತ್ತಿದೆ.
– ಪಾಂಡವಪುರ

ಉತ್ತರ: ಸೆನ್ಸರ್ ಇಲ್ಲದಾಗ ಕಂಪ್ಯೂಟರ್ ಅಂದಾಜಿನ ಮೇಲೆ ಪೆಟ್ರೋಲ್ ಬಿಡುತ್ತದೆ, ಸಾಮಾನ್ಯವಾಗಿ ಜಾಸ್ತಿಯೇ ಬಿಡುತ್ತದೆ. ನಿಮಗೆ ಪಿಕಪ್ ಅನ್ನಿಸಿದ್ದು ಅದು. ಮೈಲೇಜ್ ಇಳಿಯುತ್ತದೆ, ಪ್ಲಗ್ ಮಸಿ ಹಿಡಿಯುತ್ತದೆ, ಉರಿಯದ ಪೆಟ್ರೋಲ್ ಕನ್ವರ್ಟರಿನಲ್ಲಿ ಉರಿದು ಅದನ್ನು ಕರಗಿಸಲೂಬಹುದು. ಕನ್ವರ್ಟರಿನ ಬೆಲೆ ಸೆನ್ಸರಿಗಿಂತ ಎಷ್ಟೋ ಪಟ್ಟು. ಇವತ್ತೇ ಕಪ್ಲರ್ ಮತ್ತೆ ಹಾಕಿ, ವೈರು ಸೈಲೆನ್ಸರ್ ಪೈಪಿಗೆ ತಾಗದಂತೆ ಅದರ ಕ್ಲಿಪ್ಪಿನಲ್ಲಿ ಕೂರಿಸಿ.