ಅರಬ್ ಸಿನಿಮಾದ ಒಬ್ಬನೇ ಛಾಯಾಗ್ರಾಹಕನನ್ನು ಅಭ್ಯಾಸ ಮಾಡುವುದಾದರೆ ಯಾರನ್ನು?

ಈ ಪ್ರಶ್ನೆಗೆ ಬಹಳ ಮಂದಿ ಈಜಿಪ್ಟಿನ ಅಬ್ದೆಲ್ ಅಜೀಜ್ ಫಹ್ಮಿಯ ಹೆಸರು ಹೇಳುತ್ತಾರೆ. ಶಾದಿ ಅಬ್ದೆಲ್ ಸಲಾಂ ನಿರ್ದೇಶನದ ‘ಅಲ್ ಮೂಮಿಯಾ’ (1969) ಚಿತ್ರದಲ್ಲಿ ಅವರು ಹಿಡಿದ ಮುಂಜಾವು, ಮುಸ್ಸಂಜೆಗಳ ಬೆಳಕಿಗೆ ನಾನೂ ಸೋತವನೇ. ಆದರೆ ಛಾಯಾಗ್ರಹಣದ ಕಸುಬನ್ನು ಅರಿಯಲು ಅಭ್ಯಾಸ ಮಾಡುವುದಾದರೆ ನನ್ನ ಆಯ್ಕೆ ಸಯೀದ್ ಶೀಮಿ.

ಶೀಮಿ ಹುಟ್ಟಿದ್ದು 1943ರಲ್ಲಿ, ಕೈರೋದಲ್ಲಿ. ಮುಂದೆ ನಿರ್ದೇಶಕರಾದ ಮೊಹಮ್ಮದ್ ಖಾನ್ ಅವರ ಬಾಲ್ಯದ ಗೆಳೆಯ. ಖಾನರ ತಂದೆ ಪಾಕಿಸ್ತಾನದವರು, ತಾಯಿ ಈಜಿಪ್ಟಿನವರು. ಖಾನ್ ಲಂಡನ್ನಿಗೆ ಹೋದ ಮೇಲೆ ಇಬ್ಬರ ನಡುವೆ ವರ್ಷಗಟ್ಟಲೆ ಪತ್ರಗಳು ಓಡಾಡಿದವು, ತುಂಬ ಸಿನಿಮಾದ ಮಾತೇ. ಮುಂದೆ ಖಾನರ ಪತ್ರಗಳು ಪುಸ್ತಕವಾಗಿಯೂ ಬಂದವು. ಇತ್ತ ಶೀಮಿ ಕೈರೋದ ಸಿನಿಮಾ ಸಂಸ್ಥೆಯಲ್ಲಿ ಕಲಿತು, ಸಾಕ್ಷ್ಯಚಿತ್ರಗಳಲ್ಲಿ ಕೈ ಪಳಗಿಸಿಕೊಂಡರು.

ಅವರಿಗೆ ಮುಂದೆ ಒದಗಿದ್ದು ಈ ಸಾಕ್ಷ್ಯಚಿತ್ರದ ಅಭ್ಯಾಸವೇ. 1935ರಲ್ಲಿ ಸ್ಟುಡಿಯೋ ಮಿಸ್ರ್ ಆರಂಭವಾದಂದಿನಿಂದ ಈಜಿಪ್ಟಿನ ಚಿತ್ರಗಳು ಹೆಚ್ಚಾಗಿ ಸೆಟ್ಟಿನಲ್ಲೇ ತಯಾರಾಗುತ್ತಿದ್ದವು. ಯೂಸುಫ್ ಶಹೀನರ ‘ಬಾಬ್ ಅಲ್ ಹದೀದ್’ಗಾಗಿ (1958) ಛಾಯಾಗ್ರಾಹಕ ಅಲ್ವೀಸ್ ಒರ್ಫನೆಲ್ಲಿ ಕ್ಯಾಮೆರಾವನ್ನು ಕೈರೋ ರೈಲು ನಿಲ್ದಾಣಕ್ಕೆ ಒಯ್ದಿದ್ದರು ನಿಜ, ಆದರೆ ಅಂಥವು ವಿರಳ. ಖಾನರ ಮೊದಲ ಕಥಾಚಿತ್ರ ‘ದರ್ಬತ್ ಶಮ್ಸ್’ಗೆ (1980) ನಿಜವಾದ ಕೈರೋ ಬೇಕಿತ್ತು. ನೂರ್ ಅಲ್ ಶರೀಫ್‌ನಂಥ ಜನಪ್ರಿಯ ನಟ ರಸ್ತೆಗಿಳಿದರೆ ದಾರಿಹೋಕರೆಲ್ಲ ನಿಂತು ಕ್ಯಾಮೆರಾವನ್ನೇ ನೋಡುತ್ತಾರೆ. ಅಲ್ಲಿಗೆ ಆ ಶಾಟ್ ಕೆಟ್ಟಂತೆ. ಶೀಮಿ ಕ್ಯಾಮೆರಾವನ್ನು ಮರೆಮಾಚಿದರು, ಕೈಯಲ್ಲೇ ಹಿಡಿದು ಜನರೊಳಗೆ ನುಗ್ಗಿದರು. ಜನಸಂದಣಿಯ ನಡುವೆ ದೀಪ ನಿಲ್ಲಿಸಲಾಗದು, ಸಿಕ್ಕಿದ ಬೆಳಕಿನಲ್ಲೇ ನಿಭಾಯಿಸಬೇಕು. ಆ ಒರಟುತನ ನನಗೆ ಇಷ್ಟ. ಆತಿಫ್ ಅಲ್ ತಯ್ಯಿಬ್‌ರ ‘ಸವ್ವಾಕ್ ಅಲ್ ಉತುಬೀಸ್’ ಮತ್ತು ಖಾನರ ‘ಅಲ್ ಹರ್ರೀಫ್’ ಕೂಡ ಅವರದೇ ಛಾಯಾಗ್ರಹಣ. ಎರಡನೆಯದರಲ್ಲಿ ಹಾಸ್ಯನಟನೆಂದೇ ಹೆಸರಾದ ಆದಿಲ್ ಇಮಾಮ್ ಬೀದಿ ಫುಟ್‌ಬಾಲ್ ಆಟಗಾರ. ಆ ಮುಖದ ದಣಿವು ನಮಗೆ ಕಾಣುವುದರಲ್ಲಿ ಛಾಯಾಗ್ರಾಹಕನ ಪಾಲು ದೊಡ್ಡದು.

ಅಷ್ಟು ಹೆಸರು ಬಂದ ಮೇಲೆ ಇನ್ನೊಬ್ಬರಾಗಿದ್ದರೆ ಅದನ್ನೇ ಮುಂದುವರಿಸುತ್ತಿದ್ದರು. ಇವರು ನೀರಿಗಿಳಿದರು! ‘ಜಹೀಮ್ ತಹ್ತ್ ಅಲ್ ಮಾ’ (1989), ಆಮೇಲೆ ನೌಕಾಪಡೆಯ ಮುಳುಗುಗಾರರ ಕಥೆಯಾದ ‘ಅಲ್ ತರೀಕ್ ಇಲಾ ಐಲಾತ್’. ನೀರು ಮೊದಲು ನುಂಗುವುದು ಕೆಂಪು ಬಣ್ಣವನ್ನು. ಕೆಲವೇ ಮೀಟರ್ ಆಳದಲ್ಲಿ ಚರ್ಮ, ರಕ್ತ ಎಲ್ಲವೂ ನೀಲಿ-ಹಸಿರಿಗೆ ತಿರುಗುತ್ತವೆ. ಬಣ್ಣ ಮರಳಿ ಬರಬೇಕೆಂದರೆ ದೀಪವನ್ನು ಜೊತೆಗೇ ಒಯ್ಯಬೇಕು, ಇಲ್ಲವೇ ಫಿಲ್ಟರ್ ಹಾಕಬೇಕು. ಮೇಲೆ ನಿಂತ ನಿರ್ದೇಶಕರಿಗೆ ಆ ಗಳಿಗೆಯಲ್ಲಿ ಕೂಗಿ ಹೇಳುವ ಅವಕಾಶವೂ ಇಲ್ಲ.

ಛಾಯಾಗ್ರಹಣದ ಬಗ್ಗೆ ಅವರು ಹಲವು ಪುಸ್ತಕಗಳನ್ನು ಬರೆದಿದ್ದಾರೆ, ಅರಬಿಯಲ್ಲಿ. ಭಾಷೆ ಬಾರದಿದ್ದರೆ ಚಿತ್ರಗಳಿಂದಲೇ ಆರಂಭಿಸಿ. ಮೊದಲು ‘ಅಲ್ ಹರ್ರೀಫ್’ ನೋಡಿ. ಎರಡನೇ ಸಲ ಧ್ವನಿ ಪೂರ್ತಿ ತಗ್ಗಿಸಿ, ಬೀದಿಯ ದೃಶ್ಯಗಳಲ್ಲಿ ಯಾರು ನಟರು, ಯಾರು ದಾರಿಹೋಕರು ಎಂದು ಗುರುತಿಸಲು ಪ್ರಯತ್ನಿಸಿ.