ಎಸ್‌ಒಎಂ (ಸ್ಟ್ರೆಂತ್ ಆಫ್ ಮೆಟೀರಿಯಲ್ಸ್) ಸೂತ್ರ ನೆನಪಲ್ಲಿ ಇಟ್ಕೊಳ್ಳೋದು ಹೇಗೆ?

ಇಟ್ಕೋಬೇಡಿ. ಮೂರನೇ ಸೆಮಿಸ್ಟರ್, ಸೂತ್ರ ತಲೇಲಿ ನಿಲ್ಲಲ್ಲ ಅಂದಿದ್ದೀರಿ. ನನಗೆ ಎಲ್ಲಾ ಬಾಯಿಪಾಠ ಇತ್ತು, ಮುಳುಗಿಸಿದ್ದೇ ಅದು.

ಶಿವಮೊಗ್ಗದಲ್ಲಿ ಸಿವಿಲ್ ಓದುವಾಗ ಇಂಟರ್ನಲ್ಸ್‌ಗೆ ಬಂದ ಲೆಕ್ಕ: 6 ಮೀಟರ್ ಬೀಮ್, ಎಡತುದಿಗೆ ಒಂದು ಸಪೋರ್ಟ್, 4 ಮೀಟರಿಗೆ ಇನ್ನೊಂದು, ಉಳಿದ 2 ಮೀಟರ್ ಓವರ್‌ಹ್ಯಾಂಗ್, ಅಂದರೆ ಸಪೋರ್ಟ್ ದಾಟಿ ಹೊರಚಾಚಿದ ಭಾಗ. ಉದ್ದಕ್ಕೂ ಮೀಟರಿಗೆ 10 ಕಿಲೋನ್ಯೂಟನ್ ಲೋಡ್. ಗರಿಷ್ಠ ಬೆಂಡಿಂಗ್ ಮೊಮೆಂಟ್ (ಬೀಮನ್ನು ಬಗ್ಗಿಸೋ ಪರಿಣಾಮ) ಎಷ್ಟು, ಎಲ್ಲಿ? ಎರಡು ಸಪೋರ್ಟ್ ಕಂಡದ್ದೇ ಡಬ್ಲ್ಯು ಎಲ್ ಸ್ಕ್ವೇರ್ ಬೈ 8 ಹಾಕಿದೆ (ಡಬ್ಲ್ಯು ಅಂದರೆ ಮೀಟರಿಗೆ ಲೋಡ್, ಎಲ್ ಅಂದರೆ ಸ್ಪ್ಯಾನ್, ಸಪೋರ್ಟ್‌ಗಳ ನಡುವಿನ ದೂರ); ಅದು ಎರಡು ತುದಿಗೂ ಸಪೋರ್ಟ್ ಇರೋ ಬೀಮಿನ ಸೂತ್ರ. 10 × 16 ÷ 8 = 20, ನಡುಮಧ್ಯ. ಸೊನ್ನೆ ಕೊಟ್ಟರು. ಪಕ್ಕದವನದ್ದೂ 20, ಅವನಿಗೆ ಪೂರ್ತಿ ಅಂಕ. ಪೇಪರ್ ಹಿಡ್ಕೊಂಡು ಜಗಳಕ್ಕೇ ಹೋಗಿದ್ದೆ ಮಾರಾಯ್ರೆ.

ಅವನು ಫ್ರೀ ಬಾಡಿ ಡಯಾಗ್ರಮ್ (ಬೀಮಿನ ಮೇಲಿನ ಎಲ್ಲಾ ಬಲ ತೋರಿಸೋ ಚಿತ್ರ) ಬರೆದಿದ್ದ. ಒಟ್ಟು ಲೋಡ್ 60, ಅದರ ಕೇಂದ್ರ ಎಡತುದಿಯಿಂದ 3 ಮೀಟರಿಗೆ. 60 × 3 ÷ 4, ಬಲ ಸಪೋರ್ಟಿಗೆ 45, ಎಡಕ್ಕೆ ಉಳಿದದ್ದು 15. ಶಿಯರ್ (ಬೀಮನ್ನು ಅಡ್ಡಕ್ಕೆ ಕತ್ತರಿಸೋ ಬಲ) ಸೊನ್ನೆಯಾಗೋದು ಎಡದಿಂದ 1.5 ಮೀಟರಿಗೆ, ಅಲ್ಲಿ ಮೊಮೆಂಟ್ ಬರೀ 11.25. ಬಲ ಸಪೋರ್ಟಿನ ಮೇಲೆ 10 × 2 × 1, ಅಂದರೆ 20, ಅದೂ ಮೈನಸ್. ಓವರ್‌ಹ್ಯಾಂಗ್ ಸ್ಪ್ಯಾನಿನ ಸರಿಯಾಗಿ ಅರ್ಧ ಇದ್ದದ್ದಕ್ಕೆ ಎರಡೂ ಸಂಖ್ಯೆ ಒಂದೇ ಆದವು, ಅಷ್ಟೆ.

ಆ ಮೈನಸ್ಸೇ ಇಡೀ ವಿಷಯ. ಮೈನಸ್ ಅಂದರೆ ಎಳೆತ ಮೇಲ್ಗಡೆ. ಕಾಂಕ್ರೀಟಿಗೆ ಎಳೆತ ತಡೆಯೋ ಶಕ್ತಿ ಕಡಿಮೆ, ಹಾಗಾಗಿ ಸಪೋರ್ಟಿನ ಹತ್ತಿರ ಕಂಬಿ ಮೇಲೇ ಇರಬೇಕು. ನನ್ನ ಉತ್ತರದ ಪ್ರಕಾರ ಕಟ್ಟಿದ್ದರೆ ಕಂಬಿಯೆಲ್ಲ ನಡುವೆ, ಅಡಿಯಲ್ಲಿ ಕೂತಿರೋದು. ಸಜ್ಜಾದ್ದೂ ಇದೇ ಕಥೆ: ಕಾಂಕ್ರೀಟ್ ಸುರಿಯುವಾಗ ಕೆಲಸದವರು ಕಂಬಿ ತುಳಿದು ಕೆಳಗಿಳಿಸಿದರೆ ಸೆಂಟ್ರಿಂಗ್ ಬಿಚ್ಚಿದ ದಿನವೇ ಸಜ್ಜಾ ಕೆಳಗೆ ಬರಬಹುದು.

ಇನ್ನು ಬಿ ಡಿ ಕ್ಯೂಬ್ ಬೈ 12, ಬೀಮಿನ ಆಕಾರ ಬಗ್ಗೋದನ್ನು ಎಷ್ಟು ತಡೆಯುತ್ತೆ ಅಂತ ಹೇಳೋ ಸೂತ್ರ; ಬಿ ಅಗಲ, ಡಿ ಎತ್ತರ. ಇದರಲ್ಲಿ ಬಿ ಯಾವುದು ಡಿ ಯಾವುದು ಅಂತ ತಡಕಾಡೋರಿಗೆ ಹಳ್ಳದ ಕಾಲುಸಂಕ ಸಾಕು. 3 ಮೀಟರ್ ಹಳ್ಳಕ್ಕೆ 150 × 50 ಮಿಲಿಮೀಟರ್ ಹಲಗೆ, ನಡುವೆ 60 ಕಿಲೋದ ಆಳು, ಅಂದಾಜು 600 ನ್ಯೂಟನ್. ಮೊಮೆಂಟ್ 600 × 3 ÷ 4 = 450 ನ್ಯೂಟನ್ ಮೀಟರ್. ಹಲಗೆ ಮಲಗಿಸಿದರೆ ಸ್ಟ್ರೆಸ್ (ಮರದ ಒಳಗೆ ಬೀಳೋ ಒತ್ತಡ) 7.2 ಮೆಗಾಪ್ಯಾಸ್ಕಲ್, ನಿಲ್ಲಿಸಿದರೆ 2.4. ಬಗ್ಗೋದಂತೂ ಒಂಬತ್ತು ಪಟ್ಟು ಕಡಿಮೆ. ಮನೆಯ ಜಂತೆಯನ್ನು ನಿಲ್ಲಿಸಿಯೇ ಇಡೋದು ಅದಕ್ಕೇ. ಲೋಡ್ ಯಾವ ದಿಕ್ಕಿಗೋ ಆ ದಿಕ್ಕಿನ ಅಳತೆಗೇ ಕ್ಯೂಬ್. (450ನ್ನು 1000ದಿಂದ ಗುಣಿಸಿ ನ್ಯೂಟನ್ ಮಿಲಿಮೀಟರ್ ಮಾಡೋದು ಮರೆತರೆ ಉತ್ತರ 0.0072 ಬಂದು ಕೂರುತ್ತೆ.)

ಯಾವ ಪುಸ್ತಕ ಅಂತಲೂ ಕೇಳಿದ್ದೀರಿ. ಯಾವುದಾದರೂ ಆಗುತ್ತೆ, ಗೈಡ್ ಒಂದು ಬೇಡ. ಇವತ್ತು ರಾತ್ರಿ ಮೇಲಿನ ಬೀಮನ್ನೇ ತಗೊಂಡು, ಸ್ಪ್ಯಾನ್ 4 ಮೀಟರೇ ಇಟ್ಟು, ಓವರ್‌ಹ್ಯಾಂಗ್ ಎಷ್ಟಿದ್ದರೆ ಪ್ಲಸ್ ಮೊಮೆಂಟೂ ಮೈನಸ್ ಮೊಮೆಂಟೂ ಸಮ ಆಗುತ್ತೆ ಅಂತ ಕಂಡುಹಿಡೀರಿ. 1.66 ಮೀಟರಿನ ಆಸುಪಾಸು ಬರಬೇಕು. ಬರದಿದ್ದರೆ ರಿಯಾಕ್ಷನ್ (ಸಪೋರ್ಟ್ ಹೊರೋ ಬಲ) ಇನ್ನೊಮ್ಮೆ ನೋಡಿ.